ನಾಲ್ಕು ಕೋಣೆ, ಒಬ್ಬ ಚಾಂಪಿಯನ್ನು, ನನ್ನ ಕುರ್ಚಿ

ಹೋರಾಟಗಾರನಿಗೆ ವೈರಿಗಳ ಕೊರತೆ ಯಾವತ್ತೂ ಆಗುವುದಿಲ್ಲ. ಊರಿನಲ್ಲಿ ಮುಗಿದರೆ ತಾಲೂಕಿನಲ್ಲಿ ಸಿಗುತ್ತಾರೆ, ತಾಲೂಕಿನಲ್ಲಿ ಮುಗಿದರೆ ಜಿಲ್ಲೆಯಲ್ಲಿ. ಎಲ್ಲಿಯೂ ಸಿಗದಿದ್ದರೆ ನಾವೇ ಹುಡುಕಿಕೊಂಡು ಹೋಗುತ್ತೇವೆ. ಇಪ್ಪತ್ತು ವರ್ಷದಿಂದ ನನ್ನ ಬದುಕೇ ಹೀಗೆ. ಆದರೆ ಹೋದ ವರ್ಷ ನನಗೆ ಗಂಟುಬಿದ್ದ ಐದು ವೈರಿಗಳು ಮೊಬೈಲಿನೊಳಗಿದ್ದರು. ಧಿಕ್ಕಾರ ಕೂಗಿದರೆ ಅವರಿಗೆ ಕೇಳಿಸುವುದಿಲ್ಲ. ಮುತ್ತಿಗೆ ಹಾಕಲು ಜಾಗವಿಲ್ಲ. ಪ್ರತಿಕೃತಿ ಸುಡೋಣವೆಂದರೆ ನನ್ನದೇ ಫೋನು ಸುಡಬೇಕು.

ಸವಾಲು ಬಿದ್ದದ್ದು

ಹುನಗುಂದದಲ್ಲಿ ಒಂದು ಕಚೇರಿಯ ಎದುರು ನಮ್ಮ ಹೋರಾಟ ಸಮಿತಿ ಪೆಂಡಾಲು ಹಾಕಿ ಸರದಿ ಉಪವಾಸ ಕೂತಿತ್ತು. ಬೇಡಿಕೆ ದೊಡ್ಡದೇನಲ್ಲ. ನಮ್ಮ ಕ್ರಾಸಿನಲ್ಲಿ ಬಸ್ಸಿಗೆ ಕಾಯುವ ಹೆಂಗಸರ ತಲೆಯ ಮೇಲೆ ಒಂದು ತಗಡಿನ ನೆರಳು ಬೇಕು, ಅಷ್ಟೇ. ಅದಕ್ಕಾಗಿ ಮೂರು ವರ್ಷದಲ್ಲಿ ಕೊಟ್ಟ ಮನವಿಗಳ ಕಾಗದವನ್ನೇ ಕೂಡಿಸಿ ಹೊಲಿದಿದ್ದರೂ ಒಂದು ನೆರಳಾಗುತ್ತಿತ್ತು.

ನಾನು ಮೈಕು ಹಿಡಿದು ಒದರುತ್ತಿದ್ದೆ. ನನ್ನ ಹಿಂದೆ ಸಮಿತಿಯ ಉಪಾಧ್ಯಕ್ಷೆ ತಲೆ ತಗ್ಗಿಸಿ ಫೋನು ಒತ್ತುತ್ತಿದ್ದರು. ಮರೋಳದ ಕಡೆಯವರು, ಅಂಗನವಾಡಿ ನಡೆಸುತ್ತಾರೆ. ಎಲ್ಲರೂ ಅವರನ್ನು ಅಕ್ಕೋರು ಎನ್ನುತ್ತೇವೆ. ಪಾಪ, ಮಕ್ಕಳ ತೂಕದ ವಿವರ ತುಂಬುತ್ತಿದ್ದಾರೆ ಅಂದುಕೊಂಡೆ. ಉಪವಾಸಕ್ಕೆ ಕೂತವರಿಗೂ ಬಿಡುವಿಲ್ಲದಂತೆ ಕೆಲಸ ಹೇರಿದ್ದಾರೆ ನೋಡಿ ಎಂದು ಅದನ್ನೂ ಭಾಷಣಕ್ಕೆ ಸೇರಿಸಿದೆ. ಚಪ್ಪಾಳೆ ಬಿತ್ತು. ತಿರುಗಿ ನೋಡಿದರೆ ಫೋನಿನಲ್ಲಿ ಮೂರು ತಲೆಯ ಹಾವೊಂದು ರೆಕ್ಕೆಯಿರುವ ಕೋಣವನ್ನು ಬಡಿಯುತ್ತಿತ್ತು.

ಆಟ ಇಷ್ಟೇ. ವಿಚಿತ್ರ ಪ್ರಾಣಿಗಳನ್ನು ಹಿಡಿಯಬೇಕು, ಸಾಕಬೇಕು, ಬೇರೆಯವರ ಪ್ರಾಣಿಗಳ ಮೇಲೆ ಕಾದಾಟಕ್ಕೆ ಬಿಡಬೇಕು. ಸಣ್ಣಪುಟ್ಟವರನ್ನೆಲ್ಲ ಗೆದ್ದ ಮೇಲೆ ಕೊನೆಗೆ ಒಂದು ಅರಮನೆ. ಅದರೊಳಗೆ ಒಂದರ ಹಿಂದೆ ಒಂದು ನಾಲ್ಕು ಕೋಣೆ, ಕೋಣೆಗೊಬ್ಬ ಘಟಾನುಘಟಿ. ಐದನೇ ಕೋಣೆಯಲ್ಲಿ ಚಾಂಪಿಯನ್ನು. ಒಳಗೆ ಕಾಲಿಟ್ಟರೆ ಹಿಂದಿನ ಬಾಗಿಲು ಮುಚ್ಚುತ್ತದೆ. ನಡುವೆ ಎಲ್ಲಿ ಸೋತರೂ ಮತ್ತೆ ಮೊದಲ ಕೋಣೆಯಿಂದಲೇ ಶುರು. ಅಕ್ಕೋರು ಐದನ್ನೂ ದಾಟಿದ್ದರಂತೆ, ಅದೂ ಎರಡು ಸಲ.

ನನಗೆ ಸಿಟ್ಟು ನೆತ್ತಿಗೇರಿತು. ಹೋರಾಟದ ಪೆಂಡಾಲಿನಲ್ಲಿ ಮಕ್ಕಳಾಟ ಆಡುವವರಿಗೆ ಉಪಾಧ್ಯಕ್ಷರಾಗುವ ಯೋಗ್ಯತೆ ಇಲ್ಲ ಎಂದು ಮೈಕಿನಲ್ಲೇ ಅಂದೆ. ಅಕ್ಕೋರು ಎದ್ದು ಬಂದು ಮೈಕು ಇಸಿದುಕೊಂಡರು.

“ಅಧ್ಯಕ್ಷರ, ನೀವು ಆ ಕುರ್ಚಿ ಮ್ಯಾಲ ಕುಂತು ಹನ್ನೊಂದು ವರ್ಷ ಆತು. ಯಾವ ಕಚೇರ್ಯಾಗರ ಮೂರನೇ ಟೇಬಲ್ ದಾಟೀರೇನು? ಒಂದನೇದಕ್ಕ ಬೈತೀರಿ, ಎರಡನೇದಕ್ಕ ಮೇಜು ಗುದ್ದತೀರಿ, ಮೂರನೇದಕ್ಕ ನಿಮ್ಮನ್ನ ಹೊರಗ ಹಾಕ್ತಾರ. ಈ ಆಟದಾಗರ ಐದನೇ ಕೋಣಿ ಗೆದ್ದು ತೋರಸ್ರಿ.”

“ತೋರಿಸಿದ್ರ?”

“ಇನ್ನಮ್ಯಾಲೆ ಮೀಟಿಂಗಿನ್ಯಾಗ ನಾ ಫೋನ್ ಮುಟ್ಟಂಗಿಲ್ಲ. ವಾರ್ಷಿಕ ಸಭಾ ಮುಗಿಯೂದರಾಗ ತೋರಸಲಿಲ್ಲಂದ್ರ ನೀವು ಕುರ್ಚಿ ಬಿಡ್ರಿ.”

ಮೈಕು ಚಾಲೂ ಇತ್ತು. ಅರ್ಧ ಪೇಟೆ ಕೇಳಿಸಿಕೊಂಡಿತ್ತು. ಒಪ್ಪದೆ ಗತಿ ಇರಲಿಲ್ಲ. ಒಪ್ಪಿದೆ ಎಂದ ತಕ್ಷಣ ಕಚೇರಿಯ ಕಿಟಕಿಯಿಂದ ಚಪ್ಪಾಳೆ ಕೇಳಿಸಿತು. ಮೂರು ವರ್ಷದಲ್ಲಿ ನಮ್ಮ ಪೆಂಡಾಲಿಗೆ ಒಳಗಿನಿಂದ ಬಂದ ಮೊದಲ ಸ್ಪಂದನೆ ಅದು.

ಸಮಪಾಲು

ಆಟದಲ್ಲಿ ಆರು ಪ್ರಾಣಿ ಇಟ್ಟುಕೊಳ್ಳಬಹುದು. ಕಾದಾಡಿದ್ದರ ಬಲ ಏರುತ್ತದೆ, ಕೂತಿದ್ದು ಕೂತೇ ಇರುತ್ತದೆ. ಲೋಕದ ಮಂದಿಯೆಲ್ಲ ಒಂದನ್ನೇ ಕಾದಾಡಿಸಿ ಗೂಳಿಯಂತೆ ಬೆಳೆಸಿ, ಉಳಿದ ಐದನ್ನು ಬಾಲಂಗೋಚಿ ಮಾಡಿಕೊಳ್ಳುತ್ತಾರಂತೆ. ನನ್ನಿಂದ ಅದು ಆಗಲಿಲ್ಲ. ಬಸವಣ್ಣನ ಹೆಸರು ಹೇಳಿ ಉಣ್ಣುವ ಮನೆಯವನು ನಾನು. ಮೇಲು ಕೀಳು ಮಾಡಬೇಡಿ ಎಂದು ಊರೂರು ತಿರುಗಿ ಒದರಿ, ಫೋನಿನೊಳಗೆ ಒಬ್ಬನನ್ನು ದೊರೆ ಮಾಡಿ ಐದು ಮಂದಿಯನ್ನು ಜೀತಕ್ಕಿಡಲೇ?

ಆರಕ್ಕೂ ಪಾಳಿ ಹಚ್ಚಿದೆ. ಬೆಂಕಿ ಬಾಲದ ಮುಂಗುಸಿಗೆ ಸೋಮವಾರ, ನೀರಿನ ಏಡಿಗೆ ಮಂಗಳವಾರ, ಕಲ್ಲಿನ ಎಮ್ಮೆಗೆ ಬುಧವಾರ, ಮಿಂಚಿನ ಓತಿಕ್ಯಾತಕ್ಕೆ ಗುರುವಾರ, ಮುಳ್ಳುಗಪ್ಪೆಗೆ ಶುಕ್ರವಾರ, ಹಾರುವ ಕತ್ತೆಗೆ ಶನಿವಾರ. ಭಾನುವಾರ ಎಲ್ಲರಿಗೂ ರಜೆ, ದುಡಿಯುವವರ ಹಕ್ಕು. ಎರಡು ತಿಂಗಳಿಗೆ ಆರೂ ಒಂದೇ ಮಟ್ಟಕ್ಕೆ ಬಂದವು: ನಲವತ್ತು. ಹೆಮ್ಮೆಯಿಂದ ಅಕ್ಕೋರಿಗೆ ತೋರಿಸಿದೆ. ಅವರು ಬಹಳ ಹೊತ್ತು ನೋಡಿದರು. ಮೊದಲ ಕೋಣೆಯಲ್ಲಿ ಒಬ್ಬ ಅಜ್ಜಿ ಇದ್ದಾಳೆ, ಅವಳ ಪ್ರಾಣಿಗಳೇ ಐವತ್ತೈದರ ಮೇಲಿವೆ ಎಂದು ಹೇಳಿ, ಮಂದಿ ಸೈನ್ಯ ಕಟ್ಟುತ್ತಾರೆ, ನೀವು ಇಲ್ಲಿಯೂ ಸಮಿತಿ ಕಟ್ಟೀರಿ ಎಂದರು.

ನಾನು ಕೇಳುವವನೇ? ನುಗ್ಗಿದೆ. ಅಜ್ಜಿ ದಪ್ಪ ಕನ್ನಡಕ ಹಾಕಿಕೊಂಡು ನಿವೃತ್ತ ಹೆಡ್‌ಮಿಸ್ಟ್ರೆಸ್ಸಿನ ಹಾಗೆ ಕೂತಿದ್ದಳು. ಅವಳದೆಲ್ಲ ನೀರಿನ ಪ್ರಾಣಿಗಳು. ಕೂತ ಭಂಗಿ ನೋಡಿಯೇ ನನಗೆ ರೇಗಿತು. ಬೆಂಕಿ ಮುಂಗುಸಿಯನ್ನು ಬಿಟ್ಟೆ. ಅವಳ ಮೀನು ಒಮ್ಮೆ ಉಗುಳಿತು, ಮುಂಗುಸಿ ಮಲಗಿತು. ನಾಲ್ಕು ನಿಮಿಷದಲ್ಲಿ ಆರೂ ಮಲಗಿದವು, ನಾನು ಹೊರಗೆ ಬಿದ್ದೆ. ಮರುದಿನ ಮತ್ತೆ ಹೋದೆ, ಮತ್ತೆ ಮುಂಗುಸಿಯನ್ನೇ ಮುಂದೆ ಬಿಟ್ಟೆ. ಹೀಗೆ ಒಂಬತ್ತು ದಿನ.

ಇದೆಲ್ಲ ನಡೆಯುತ್ತಿದ್ದದ್ದು ಇಳಕಲ್ಲಿನಲ್ಲಿ ನನ್ನ ದೋಸ್ತನ ಹೊಲಿಗೆ ಅಂಗಡಿಯಲ್ಲಿ. ದರ್ಜಿ ಅವನು, ಸಮಿತಿಯ ಕಾರ್ಯದರ್ಶಿಯೂ ಹೌದು. ಇಬ್ಬರೂ ಒಂದೇ ಓಣಿಯಲ್ಲಿ ಗೋಲಿ ಆಡಿದವರು. ಒಂಬತ್ತನೇ ದಿನ ಅವನು ಮಿಶನ್ನು ನಿಲ್ಲಿಸಿ, ನೀರಿನ ಎದುರು ಬೆಂಕಿ ಯಾಕೆ ಬಿಡುತ್ತಿ ಎಂದು ಕೇಳಿದ. ಸಿಟ್ಟು ಬಂದಿತ್ತು ಎಂದೆ.

“ಸಿಟ್ಟು ನಿನಗ ಬಂದ್ರ ನೀ ಹೋಗಲೇ,” ಅಂದ. “ಅದಕ್ಕ ಎಲ್ಲಿ ಸಿಟ್ಟು ಬಂದಿತ್ತು, ಪಾಪ.”

ಬಾಗಿಲು ಮುಚ್ಚಿದೆ

ಶಿವಯೋಗ ಮಂದಿರಕ್ಕೆ ಹೋಗಿಬರೋಣ ಎಂದು ನನ್ನ ಹೆಂಡತಿ ಒಂದು ವರ್ಷದಿಂದ ಕೇಳುತ್ತಿದ್ದಳು. ಹೋರಾಟ ಮುಗಿಯಲಿ, ಹೋಗೋಣ ಎನ್ನುತ್ತಿದ್ದೆ. ಹೋರಾಟ ಮುಗಿಯುವುದಿಲ್ಲ ಎಂದು ತಿಳಿದು ಒಂದು ದಿನ ಅವಳೇ ಚೀಲ ತುಂಬಿಕೊಂಡು ಎಬ್ಬಿಸಿದಳು. ಬಾದಾಮಿಯಲ್ಲಿ ಇಳಿದು ಬೇರೆ ಬಸ್ಸು ಹಿಡಿಯಬೇಕು. ನಾವು ಹತ್ತಿದ ಬಸ್ಸು ಬಾದಾಮಿ ಮೇಲಿಂದ ಕೆರೂರಿಗೆ ಹೋಗುವಂಥದ್ದು.

ಅಷ್ಟು ಹೊತ್ತಿಗೆ ನನಗೆ ಸ್ವಲ್ಪ ಬುದ್ಧಿ ಬಂದಿತ್ತು. ಅಜ್ಜಿಯ ಎದುರು ಮಿಂಚಿನ ಓತಿಕ್ಯಾತವನ್ನು ಬಿಟ್ಟು ಮೊದಲ ಸಲ ಅವಳನ್ನು ಕೆಡವಿದ್ದೆ. ಗುಳೇದಗುಡ್ಡ ದಾಟುವಾಗ ಎರಡನೇ ಕೋಣೆಗೆ ಕಾಲಿಟ್ಟೆ. ಅಲ್ಲಿ ಒಬ್ಬ ಪೈಲ್ವಾನ, ಕಲ್ಲು ಮಣ್ಣಿನ ಪ್ರಾಣಿಗಳ ಧಣಿ. ಬಾದಾಮಿ ಬಂದಾಗ ಅವನದು ಒಂದೇ ಪ್ರಾಣಿ ಉಳಿದಿತ್ತು. ಹೆಂಡತಿ ಇಳಿದಳು. ಬಂದೆ ಬಂದೆ ಎಂದೆ. ಬಸ್ಸು ಬಿಟ್ಟಿತು.

ಕಂಡಕ್ಟರ್ ಬಂದು, ನಿಮ್ಮದು ಬಾದಾಮಿ ಟಿಕೀಟು, ಬಾದಾಮಿ ಹಿಂದೆ ಹೋಯಿತು ಎಂದ. ನಾನು ಪರದೆಯಿಂದ ಕಣ್ಣು ತೆಗೆಯದೆ, ಬಾಗಿಲು ಮುಚ್ಚಿದೆ, ನಡುವೆ ಹೊರಗೆ ಬರಲು ಬರುವುದಿಲ್ಲ ಎಂದೆ. ಅವನಿಗೆ ತನ್ನ ಮೇಲೆ ಆರೋಪ ಬಂತು ಅನ್ನಿಸಿತು. ಬಾದಾಮಿಯಲ್ಲಿ ಬಾಗಿಲು ತೆರೆದು ಹತ್ತು ನಿಮಿಷ ನಿಂತಿದ್ದೆ, ಬೇಕಾದರೆ ಇವರನ್ನೆಲ್ಲ ಕೇಳಿರಿ ಎಂದ. ಕೇಳದಿದ್ದರೂ ಅವರೆಲ್ಲ ಹೇಳಿದರು. ನಾನು ಅಭ್ಯಾಸಬಲದಿಂದ, ಪ್ರಯಾಣಿಕರ ಹಕ್ಕುಗಳ ಬಗ್ಗೆ ಮಾತಾಡಲು ಎದ್ದು ನಿಂತೆ. ಒಂದು ಕೈಯಲ್ಲಿ ಫೋನು, ಇನ್ನೊಂದು ಕೈ ಭಾಷಣಕ್ಕೆ. ಪೈಲ್ವಾನನ ಕೊನೆಯ ಪ್ರಾಣಿ ಸಾಯುವ ಹಾಗಿತ್ತು. ಇನ್ನೊಂದು ಹೊಡೆತ ಸಾಕಿತ್ತು.

ಆಗ ಹೆಂಡತಿಯ ಫೋನು ಬಂತು. ಪರದೆ ತುಂಬ ಅವಳ ಹೆಸರು. ಕತ್ತರಿಸಲು ಹೋಗಿ ಎತ್ತಿಬಿಟ್ಟೆ. ಸ್ಪೀಕರು ಬೇರೆ ಚಾಲೂ ಇತ್ತು.

“ಎಲ್ಲಿ ಅದೀರಿ?”

“ಎರಡನೇ ಕೋಣ್ಯಾಗ.”

ಬಸ್ಸಿನ ಮಂದಿಯೆಲ್ಲ ನನ್ನ ಕಡೆ ತಿರುಗಿದರು.

“ಯಾರ ಜೋಡಿ?”

“ಒಬ್ಬ ಪೈಲ್ವಾನನ ಜೋಡಿ,” ಎಂದೆ. ಕೆರೂರು ಬರುವವರೆಗೆ ಕಂಡಕ್ಟರ್ ನನಗೆ ಟಿಕೀಟು ಕೇಳಲಿಲ್ಲ. ನನ್ನ ಪಕ್ಕದ ಸೀಟಿನಲ್ಲಿ ಯಾರೂ ಕೂರಲೂ ಇಲ್ಲ.

ಮೂರನೇ ಟೇಬಲ್ಲು

ಹೆಂಡತಿಯ ಫೋನಿನಿಂದ ಆಟ ಕಡಿದು ಮತ್ತೆ ಮೊದಲ ಕೋಣೆಯಿಂದ ಶುರುಮಾಡಬೇಕಾಯಿತು; ಪೈಲ್ವಾನನನ್ನು ಆಮೇಲೆ ನೀರಿನ ಏಡಿಯಿಂದ ಕೆಡವಿದೆ. ಮೂರನೇ ಕೋಣೆಯಲ್ಲಿ ಸಿಕ್ಕಿಕೊಂಡೆ. ಅಲ್ಲಿಯವನ ಪ್ರಾಣಿಗಳು ಜಗಳವನ್ನೇ ಆಡುವುದಿಲ್ಲ. ಸುಮ್ಮನೆ ಊದುತ್ತವೆ, ನಮ್ಮ ಪ್ರಾಣಿ ನಿದ್ದೆಗೆ ಜಾರುತ್ತದೆ, ನಿದ್ದೆಯಲ್ಲಿದ್ದಾಗ ಹೊಡೆಯುತ್ತವೆ. ಎದುರು ನಿಂತು ಬೈಯುವ ವೈರಿಯನ್ನು ನಾನು ಬಲ್ಲೆ. ಈ ಜಾತಿಯ ವೈರಿಯ ಮುಂದೆ ನನ್ನ ಇಪ್ಪತ್ತು ವರ್ಷದ ಅನುಭವ ನೆಲಕಚ್ಚಿತು.

ಆ ದಿನಗಳಲ್ಲೇ ತಗಡಿನ ನೆರಳಿನ ಮನವಿ ಹಿಡಿದು ಬಾಗಲಕೋಟೆಯ ಒಂದು ಕಚೇರಿಗೆ ಹೋದೆ. ಹಿಂದೆ ಹತ್ತು ಹನ್ನೆರಡು ಮಂದಿ ತಮ್ಮ ತಮ್ಮ ಕಾಗದ ಹಿಡಿದು ನಿಂತಿದ್ದರು. ನಾನು ಮುಂದಿದ್ದರೆ ಕೆಲಸ ಬೇಗ ಆಗುತ್ತದೆ ಎಂದು ಅವರಿಗೆ ಯಾರೋ ಹೇಳಿದ್ದರು. ಹೇಳಿದವರಿಗೆ ನನ್ನ ಪರಿಚಯ ಇರಲಿಕ್ಕಿಲ್ಲ. ಮೂರನೇ ಟೇಬಲ್ಲಿನ ಗುಮಾಸ್ತ ನನ್ನನ್ನು ಈ ಹಿಂದೆ ಎರಡು ಸಲ ಹೊರಗೆ ಹಾಕಿಸಿದ್ದವನು. ನನ್ನನ್ನು ನೋಡಿ ಅವನು ಫೈಲು ಮುಚ್ಚಿದ. ಅವನನ್ನು ನೋಡಿ ನಾನು ತೋಳು ಮಡಚಿದೆ. ಕಿಸೆಯಲ್ಲಿನ ಫೋನು ಅಡ್ಡಬಂತೆಂದು ತೆಗೆದು ಅವನ ಮೇಜಿನ ಮೇಲಿಟ್ಟೆ. ಪರದೆಯ ಮೇಲೆ ನನ್ನ ಕಲ್ಲಿನ ಎಮ್ಮೆ ಗೊರಕೆ ಹೊಡೆಯುತ್ತಿತ್ತು.

ಗುಮಾಸ್ತ ಅದನ್ನು ನೋಡಿದ, ನನ್ನನ್ನು ನೋಡಿದ. “ಅದಕ್ಕ ಗಂಟಿ ಕಟ್ರಿ,” ಅಂದ.

ಆಟದ ಅಂಗಡಿಯಲ್ಲಿ ಒಂದು ಗಂಟೆ ಸಿಗುತ್ತದಂತೆ. ಪ್ರಾಣಿಯ ಕೊರಳಿಗೆ ಕಟ್ಟಿದರೆ ನಿದ್ದೆ ಹತ್ತುವುದಿಲ್ಲ. ಅವನು ಒಂದು ವರ್ಷದಿಂದ ಚಾಂಪಿಯನ್ನನ ಹತ್ತಿರ ಸೋಲುತ್ತಿದ್ದನಂತೆ, ಮನೆಯಲ್ಲಿ ಹೇಳಿಕೊಳ್ಳುವ ಹಾಗಿಲ್ಲ. ಕುರ್ಚಿ ಎಳೆದು ಕೊಟ್ಟ. ಕೂತೆ. ಆ ಕಚೇರಿಯಲ್ಲಿ ನಾನು ಕೂತದ್ದು ಅದೇ ಮೊದಲು. ನಾಲ್ಕನೇ ಕೋಣೆಯ ವಿಷದ ರಾಣಿಗೆ ಏನು ಮಾಡಬೇಕು ಎಂದು ಅವನು ರಟ್ಟಿನ ಮೇಲೆ ಬರೆದು ತೋರಿಸಿದ. ಚಹಾ ತರಿಸಿದ. ನಾನು ಕುಡಿದೆ.

ಎಷ್ಟು ಹೊತ್ತಾಯಿತೋ. ಸಾಲಿನ ಕೊನೆಯಿಂದ ರುಮಾಲು ಸುತ್ತಿದ ಹಿರಿಯರೊಬ್ಬರು ಮುಂದೆ ಬಂದು ನಮ್ಮಿಬ್ಬರ ನಡುವೆ ಬಗ್ಗಿ ಕೇಳಿದರು: “ಇಷ್ಟ ದಿನಾ ಇವರ ಮ್ಯಾಲ ನಿಮಗ ಹೇಳಕೊಂತಿದ್ವಿ. ಈಗ ನಿಮ್ಮಿಬ್ಬರ ಮ್ಯಾಲ ಯಾರಿಗೆ ಹೇಳಕೊಳ್ಳೂಣ್ರಿ?”

ಮನವಿಗೆ ಉತ್ತರ

ಗಂಟೆ ಕಟ್ಟಿ ಮೂರನೆಯವನನ್ನು ದಾಟಿದೆ. ರಟ್ಟಿನ ಮೇಲಿದ್ದಂತೆ ಮಾಡಿ ವಿಷದ ರಾಣಿಯನ್ನೂ ದಾಟಿದೆ. ಐದನೇ ಕೋಣೆಗೆ ಹೋದಾಗ ನನ್ನ ಹತ್ತಿರ ಜೀವ ಇದ್ದದ್ದು ಹಾರುವ ಕತ್ತೆ ಒಂದಕ್ಕೇ. ಚಾಂಪಿಯನ್ನು ಬಿಳಿ ಬಟ್ಟೆ ಹಾಕಿಕೊಂಡ ನಗುಮುಖದವನು. ಅಜ್ಜಿ ಬೈಯುತ್ತಿದ್ದಳು, ಪೈಲ್ವಾನ ಗುಟುರು ಹಾಕುತ್ತಿದ್ದ, ಅದು ಪರವಾಗಿಲ್ಲ. ಇವನು ಕತ್ತೆಯನ್ನು ಒಂದೇ ಏಟಿಗೆ ಕೆಡವಿ, ನಗುತ್ತ, ನಿಮ್ಮ ಪ್ರಯತ್ನ ಮೆಚ್ಚುವಂಥದ್ದು, ಮತ್ತೆ ಬನ್ನಿ ಎಂದ. ಆಟದ ಮಾತೆಲ್ಲ ಇಂಗ್ಲಿಷು; ನಾನು ಅಕ್ಷರ ಕೂಡಿಸಿಕೊಂಡು ಓದುವವನು. ಆದರೆ ಆ ನಗು ಓದಲು ಅಕ್ಷರ ಬೇಕಿರಲಿಲ್ಲ.

ದರ್ಜಿಯ ಅಂಗಡಿಯಲ್ಲಿ ಕೂತು ಆಟ ಮಾಡಿದ ಕಂಪನಿಗೆ ಮನವಿ ಬರೆದೆ. ಹಕ್ಕೊತ್ತಾಯಗಳು ಐದು. ಬಾಗಿಲು ಮುಚ್ಚಬಾರದು. ಎರಡನೇ ಕೋಣೆಯ ನಂತರ ಚಹಾಕ್ಕೆ ಬಿಡುವು ಕೊಡಬೇಕು. ಆಟ ಕನ್ನಡದಲ್ಲಿರಬೇಕು. ಎದುರಾಳಿಯ ಮಟ್ಟ ನಮ್ಮ ಮಟ್ಟಕ್ಕೆ ಸಮನಾಗಿರಬೇಕು. ಚಾಂಪಿಯನ್ನು ನಗುವುದನ್ನು ಕೂಡಲೇ ನಿಲ್ಲಿಸಬೇಕು, ತಪ್ಪಿದಲ್ಲಿ ಉಗ್ರ ಹೋರಾಟ ಅನಿವಾರ್ಯ. ಕಳಿಸಿ ಇನ್ನೂ ಫೋನು ಕೆಳಗಿಟ್ಟಿರಲಿಲ್ಲ, ಉತ್ತರ ಬಂತು. ಕನ್ನಡದಲ್ಲೇ ಇತ್ತು. ನಿಮ್ಮ ಅಭಿಪ್ರಾಯ ನಮಗೆ ಅಮೂಲ್ಯ, ಸಂಬಂಧಪಟ್ಟ ವಿಭಾಗದ ಗಮನಕ್ಕೆ ತರಲಾಗಿದೆ.

ನಾನು ಹಲ್ಲು ಕಡಿದೆ. ದರ್ಜಿ ಎರಡು ಸಲ ಓದಿ ತಲೆದೂಗಿದ.

“ನಮ್ಮ ಕಡೆ ಈ ಉತ್ತರ ಬರಾಕ ಎಂಟು ತಿಂಗಳ ಹಿಡಿತೈತಿ. ಇವರು ಒಂದ ನಿಮಿಷಕ್ಕ ಕೊಟ್ರು. ಎಷ್ಟ ಮುಂದುವರದಾರ ನೋಡಲೇ.”

ಮಗ್ಗದ ಮುಂದೆ

ವಾರ್ಷಿಕ ಸಭೆಗೆ ಎಂಟು ದಿನ ಉಳಿದಿತ್ತು. ನನಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ, ನಿಂತಲ್ಲಿ ನಿಲ್ಲಲಾಗುತ್ತಿರಲಿಲ್ಲ. ಉಣ್ಣುವಾಗ ಹೆಬ್ಬೆರಳು ರೊಟ್ಟಿಯ ಮೇಲೆ ತಾನೇ ಕುಟ್ಟುತ್ತಿತ್ತು. ಅಧ್ಯಕ್ಷಗಿರಿ ಹೋದರೆ ಹೋಗಲಿ ಎನ್ನುವಷ್ಟು ದೊಡ್ಡವನಲ್ಲ ನಾನು. ನನಗೆ ಇರುವುದು ಅದೊಂದೇ. ಏಳನೇ ಇಯತ್ತೆಗೆ ಸಾಲಿ ಬಿಟ್ಟವನನ್ನು ನಾಲ್ಕು ಮಂದಿ ಅಧ್ಯಕ್ಷರೇ ಎಂದು ಕರೆಯುವುದು ಆ ಕುರ್ಚಿಯಿಂದ.

ನನ್ನ ಹೆಂಡತಿ ಮನೆಯಲ್ಲಿ ಕೈಮಗ್ಗದ ಮೇಲೆ ಇಳಕಲ್ ಸೀರೆ ನೇಯುತ್ತಾಳೆ. ಆ ಸೀರೆಯ ಸೆರಗಿನ ಎಳೆ ಬೇರೆ, ಮೈಯ ಎಳೆ ಬೇರೆ. ಎರಡನ್ನೂ ಒಂದೊಂದೇ ಎಳೆ ಕೊಂಡಿ ಹಾಕಿ ಕೂಡಿಸಬೇಕು. ಸಾವಿರಾರು ಎಳೆ, ಒಬ್ಬರು ಹಿಡಿಯಬೇಕು, ಒಬ್ಬರು ಕೂಡಿಸಬೇಕು. ಆ ದಿನ ಹಿಡಿಯುವ ಪಾಳಿ ನನ್ನದು. ಎಡಗೈಯಲ್ಲಿ ಎಳೆಗಳ ಕಂತೆ, ಬಲಗೈಯಲ್ಲಿ ಫೋನು. ಚಾಂಪಿಯನ್ನನ ಎದುರು ಮತ್ತೆ ಮುಂಗುಸಿ ಬಿತ್ತು, ಎಮ್ಮೆ ಬಿತ್ತು, ಕೊನೆಗೆ ಕತ್ತೆಯೂ ಬಿತ್ತು. ಅವನು ನಕ್ಕ. ನಾನು ಸಿಟ್ಟಿನಿಂದ ಕೈ ಜಾಡಿಸಿದೆ. ತಪ್ಪು ಕೈ. ಒಂದು ಹಿಡಿ ಎಳೆ ಪಟಪಟನೆ ಹರಿಯಿತು.

ಅವಳು ಬೈಯಲಿಲ್ಲ. ಫೋನು ಇಸಿದುಕೊಂಡು ನೋಡಿದಳು. ನಮ್ಮವು ಯಾವುವು ಎಂದು ಕೇಳಿದಳು. ಮಲಗಿದವೆಲ್ಲ ನಮ್ಮವೇ ಎಂದೆ.

“ಪೆಂಡಾಲಿನ್ಯಾಗ ಉಪಾಸ ಕುಂತವ್ರಿಗೆ ಚಕ್ರ ಬಂದ್ರ ಏನ ಮಾಡ್ತೀರಿ?”

ಎಬ್ಬಿಸಿ ನಿಂಬೆ ಶರಬತ್ತು ಕೊಟ್ಟು ಕಳಿಸುತ್ತೇವೆ, ಅವರ ಜಾಗಕ್ಕೆ ಇನ್ನೊಬ್ಬರನ್ನು ಕೂರಿಸುತ್ತೇವೆ, ಸರದಿ ಉಪವಾಸ ಅಂದರೆ ಅದೇ ಅಲ್ಲವೇ ಎಂದೆ.

“ಮನಷ್ಯಾರಿಗೆ ಅಷ್ಟ ಮಾಡ್ತೀರಿ. ಈ ಮೂಕ ಪ್ರಾಣಿ ಬಿದ್ದ ಸಾಯೂತನಾ ಯಾಕ ಕುಂಡರಸ್ತೀರಿ? ಬೀಳೂಕಿಂತ ಮೊದಲ ಎಬ್ಬಿಸಿ ಮತ್ತೊಂದನ್ನ ಕುಂಡರ್ಸಾಕ ಏನ ಬ್ಯಾನಿ ನಿಮಗ?”

ಪ್ರಾಣಿಯನ್ನು ಹಿಂದಕ್ಕೆ ಕರೆಯುವ ಗುಂಡಿ ಆರು ತಿಂಗಳಿಂದ ಕಣ್ಣೆದುರೇ ಇತ್ತು. ಹಿಂದೆ ಸರಿಯುವುದು ಹೇಡಿತನ ಎಂದು ನಾನು ಅದನ್ನು ಮುಟ್ಟಿರಲೇ ಇಲ್ಲ. ಇದನ್ನು ಅವಳಿಗೆ ವಿವರಿಸಬೇಕೆಂದು ಹೊರಟೆ. ಅವಳು ನನ್ನ ಕೈಯಿಂದ ಉಳಿದ ಎಳೆಗಳನ್ನು ಬಿಡಿಸಿಕೊಂಡಳು, ಬಾಗಿಲಿಗೆ ಹೋಗಿ ಪಕ್ಕದ ಮನೆಯವಳನ್ನು ಕರೆದು ನನ್ನ ಜಾಗದಲ್ಲಿ ಕೂರಿಸಿದಳು. ಆಮೇಲೆ ಒಳಗೆ ಹೋಗಿ ನನಗೊಂದು ಲೋಟ ನಿಂಬೆ ಶರಬತ್ತು ತಂದುಕೊಟ್ಟಳು.

ವಾರ್ಷಿಕ ಸಭೆ

ಸರದಿಯ ದಾರಿ ಫಲ ಕೊಟ್ಟಿತು, ಆದರೆ ಬಹಳ ಹೊತ್ತು ಹಿಡಿಯುತ್ತಿತ್ತು. ಸಭೆಯ ದಿನ ಬೆಳಿಗ್ಗೆಯೇ ಅರಮನೆಗೆ ನುಗ್ಗಿದ್ದೆ. ದರ್ಜಿಯ ಅಂಗಡಿಯ ಮೇಲಿನ ಕೋಣೆಯಲ್ಲಿ ಹದಿನೇಳು ಮಂದಿ ಸದಸ್ಯರು ಬಂದು ಕೂತಾಗ ನಾನು ಐದನೇ ಬಾಗಿಲು ದಾಟಿದ್ದೆ. ಬಿಟ್ಟು ಬರುವ ಹಾಗಿಲ್ಲ. ಅಧ್ಯಕ್ಷರ ಕುರ್ಚಿಯಲ್ಲಿ ಫೋನು ಹಿಡಿದೇ ಕೂತೆ. ದರ್ಜಿ ಹೋದ ವರ್ಷದ ವರದಿ ಓದಲು ಎದ್ದು, ಯಾರೂ ಕೇಳುತ್ತಿಲ್ಲವೆಂದು ತಿಳಿದು ತಾನೂ ಬಂದು ನನ್ನ ಹೆಗಲ ಹಿಂದೆ ನಿಂತ.

ಚಾಂಪಿಯನ್ನನ ಪ್ರಾಣಿಗಳು ಎಪ್ಪತ್ತರ ಮಟ್ಟದವು. ನನ್ನವು ನಲವತ್ತೆಂಟು. ಮುಂಗುಸಿ ಎರಡು ಕಚ್ಚಿತು, ಎಬ್ಬಿಸಿದೆ. ಏಡಿ ಕೂತಿತು, ಒಂದು ಏಟು ತಿಂದಿತು, ಎಬ್ಬಿಸಿದೆ. ಕಪ್ಪೆ ಕೂತಿತು. ಎದ್ದು ಬಂದವುಗಳಿಗೆ ಔಷಧ. ನನ್ನ ಆರರಲ್ಲಿ ಗೂಳಿ ಯಾವುದೂ ಇರಲಿಲ್ಲ, ಆದರೆ ಕೂರಿಸಲು ಬಾರದಂಥದ್ದೂ ಒಂದೂ ಇರಲಿಲ್ಲ. ಒಂದೊಂದಾಗಿ ಅವನ ಐದು ಪ್ರಾಣಿ ದಣಿದು ಬಿದ್ದವು. ಕೊನೆಯದು ಬೆಟ್ಟದಂಥ ಒಂದು ಆನೆಮೊಸಳೆ. ಅದರ ಎದುರು ನನ್ನವರ ಏಟು ನಾಟುವುದೇ ಇಲ್ಲ. ಸರದಿ ನಡೆಸುತ್ತಲೇ ಇದ್ದೆ. ಒಂದು ತಾಸು ಕಳೆಯಿತು. ಅರ್ಧ ಸಭೆ ನೆಲದ ಮೇಲೆ ಕೂತಿತು, ಒಬ್ಬರು ಮಲಗಿಯೂ ಬಿಟ್ಟರು.

ಆಗ ಯಾರೂ ಕಾಣದ್ದು ಕಂಡಿತು. ಆ ಆಟದಲ್ಲಿ ಒಂದು ಪ್ರಾಣಿ ಇಂತಿಷ್ಟೇ ಹೊಡೆತ ಹೊಡೆಯಬಹುದು ಎಂದು ಮಿತಿ ಇದೆಯಂತೆ. ಅಷ್ಟು ಹೊತ್ತು ಯಾರೂ ಆಟ ಎಳೆಯುವುದಿಲ್ಲವಾದ್ದರಿಂದ ಅದು ಯಾರಿಗೂ ಗೊತ್ತೇ ಆಗುವುದಿಲ್ಲ. ಆನೆಮೊಸಳೆಯ ಹೊಡೆತಗಳೆಲ್ಲ ಮುಗಿದವು. ಅದು ಸುತ್ತ ನೋಡಿತು, ಹಿಂದೆ ಧಣಿಯನ್ನು ನೋಡಿತು, ಬೇರೆ ದಾರಿ ಕಾಣದೆ ತನ್ನ ತಲೆಯನ್ನು ತಾನೇ ಗೋಡೆಗೆ ಚಚ್ಚಿಕೊಳ್ಳತೊಡಗಿತು. ಮಲಗಿದ್ದವರು ಎದ್ದು ಜಿಂದಾಬಾದ್ ಕೂಗಿದರು. ನಾನು ಸುಮ್ಮನೆ ಸರದಿ ನಡೆಸಿದೆ. ಏಳೆಂಟು ಸಲ ಚಚ್ಚಿಕೊಂಡು ಅದು ಮಲಗಿತು. ಚಾಂಪಿಯನ್ನನ ನಗು ಆರಿತು.

ಅಕ್ಕೋರು ಮಾತಿಗೆ ತಪ್ಪುವವರಲ್ಲ. ತಮ್ಮ ಫೋನು ಬಂದ್ ಮಾಡಿ ದರ್ಜಿಯ ಕೈಗೆ ಕೊಟ್ಟರು. ಷರತ್ತಿನ ಪ್ರಕಾರ ಕುರ್ಚಿ ಅಧ್ಯಕ್ಷರದೇ ಎಂದು ಅವರೇ ಎದ್ದು ಹೇಳಿದರು. ಎಲ್ಲರೂ ಚಪ್ಪಾಳೆ ತಟ್ಟಿದರು. ಚಹಾ ಬಂತು.

ಆಟ ಇನ್ನೂ ನಡೆದಿತ್ತು. ಪರದೆಯಲ್ಲಿ ಬಿಳಿ ಬಟ್ಟೆಯವನು ಎದ್ದು ಪಕ್ಕಕ್ಕೆ ನಿಂತ, ನನ್ನ ಬೊಂಬೆ ಹೋಗಿ ಅವನ ಕುರ್ಚಿಯಲ್ಲಿ ಕೂತಿತು. ಈಗ ಚಾಂಪಿಯನ್ನು ನೀವೇ ಎಂದು ಬಂತು. ಅಷ್ಟರಲ್ಲಿ ಎದುರಿನ ಬಾಗಿಲು ತೆರೆಯಿತು. ಹೆಗಲಿಗೆ ಚೀಲ ಹಾಕಿಕೊಂಡ ಒಬ್ಬ ಬಡಕಲು ಮನುಷ್ಯ ಒಳಗೆ ಬಂದ. ನಾಲ್ಕು ಕೋಣೆ ದಾಟಿ ಬಂದಿದ್ದ, ಪಾಪ. ಅವನ ಹಿಂದೆ ಪ್ರಾಣಿಗಳು ಕುಂಟುತ್ತಿದ್ದವು. ಪರದೆಯ ಕೆಳಗೆ ಎರಡು ಗುಂಡಿ ಬಂದವು. ಒಂದು, ಈಗಲೇ. ಇನ್ನೊಂದು, ಆಮೇಲೆ.

ನನಗೆ ಕಾಲು ಜೋಮು ಹಿಡಿದಿತ್ತು. ಕೈಯಲ್ಲಿ ಬಿಸಿ ಚಹಾ ಇತ್ತು. ‘ಆಮೇಲೆ’ ಒತ್ತಿದೆ.

ಆ ಮನುಷ್ಯ ತಲೆ ತಗ್ಗಿಸಿ ತಿರುಗಿ ನಡೆದ. ಅವನ ಹಿಂದೆ ಬಾಗಿಲು ಮುಚ್ಚಿತು. ಇವನು ಮತ್ತೆ ಮೊದಲ ಕೋಣೆಯಿಂದ ಬರುತ್ತಾನೆ ಎಂದು ಕೆಳಗೆ ಒಂದು ಸಾಲು ಬಂತು.

ಹದಿನೇಳು ಮಂದಿ ನನ್ನ ಹೆಗಲ ಹಿಂದೆಯೇ ನಿಂತಿದ್ದರು. ಅಕ್ಕೋರು ಮೆಲ್ಲಗೆ ಕೇಳಿದರು.

“ಅಧ್ಯಕ್ಷರ, ಚಾಂಪಿಯನ್ ಆಗಿ ಎಷ್ಟೊತ್ತಾತು?”

ದರ್ಜಿ ಗಡಿಯಾರ ನೋಡಿ, ಎರಡು ನಿಮಿಷ ಎಂದ.

ನಾನು ಎದ್ದು ನಿಂತೆ. ಇದು ಆಟದವರ ಕುತಂತ್ರ, ಇರುವುದೇ ಎರಡು ಗುಂಡಿ, ನಾನೇನು ಮಾಡಲಿ, ನನ್ನ ಕೈಯಲ್ಲಿ ಏನಿದೆ ಎಂದು ಒದರಿದೆ.

“ಕಚೇರಿಯವರೂ ಇದನ್ನ ಅಂತಾರ್ರಿ,” ಅಂದರು ಅಕ್ಕೋರು. “ನಮ್ಮ ಕೈಯಾಗ ಏನೈತಿ ಅಂತ.”

ಹಿಂದಿನಿಂದ ಯಾರೋ ಮೆತ್ತಗೆ ಒಂದು ಗೊತ್ತುವಳಿ ಮಂಡಿಸಿದರು. ಬಂದವರನ್ನು ಆಮೇಲೆ ಬಾ ಎಂದು ಕಳಿಸುವವರು ಯಾರೇ ಇರಲಿ, ಕುರ್ಚಿ ಬಿಡಬೇಕು. ಆ ಕುರ್ಚಿಗೆ ಅಕ್ಕೋರು ಬರಬೇಕು. ದರ್ಜಿ ಪೆನ್ನು ತೆಗೆದು, ಗೆದ್ದರು ಅಂತ ಬರೆಯಲೋ ಸೋತರು ಅಂತ ಬರೆಯಲೋ ಎಂದು ನನ್ನನ್ನೇ ಕೇಳಿದ. ಉತ್ತರಕ್ಕೆ ಕಾಯದೆ ತಾನೇ ಬರೆದ. ಅಧ್ಯಕ್ಷರು ಗೆದ್ದರು, ಗೆದ್ದು ಎರಡು ನಿಮಿಷ ಕೂತರು, ಎರಡನೇ ನಿಮಿಷಕ್ಕೆ ಕೆಟ್ಟರು, ಸರ್ವಾನುಮತದಿಂದ ಬದಲಾಯಿಸಲಾಯಿತು.

ಸರ್ವಾನುಮತ ಎಂದು ಬರೆದದ್ದು ಸುಳ್ಳಲ್ಲ. ಪರವಾಗಿ ಇರುವವರು ಕೈ ಎತ್ತಿ ಎಂದಾಗ ಎಲ್ಲರಿಗಿಂತ ಮೊದಲು ಮೇಲೆದ್ದದ್ದು ನನ್ನ ಕೈ. ಏನು ಮಾಡಲಿ, ಅಭ್ಯಾಸ. ಯಾರನ್ನಾದರೂ ಕುರ್ಚಿಯಿಂದ ಇಳಿಸುವ ಮಾತು ಬಂದರೆ, ಯಾರನ್ನು ಎಂದು ಕೇಳಲು ನಾನು ನಿಲ್ಲುವುದಿಲ್ಲ.